ಪ್ರತಿ ಸಲವೂ ಏಳನೇ ಸ್ಥಾನ: ಎರಾಂಗೆಲ್‌ನಲ್ಲಿ ನಾಲ್ಕನೇ ಝೋನಿನ ಹೊತ್ತಿಗೆ ನಾವು ಎಲ್ಲಿ ಎಡವುತ್ತಿದ್ದೇವೆ?

ತುಂಗಾತೀರ · ಭಾನುವಾರ, ರಾತ್ರಿ 11:52

ಎಲ್ಲರಿಗೂ ನಮಸ್ಕಾರ. ನಾವು ನಾಲ್ವರು ಶಿವಮೊಗ್ಗದ ಒಂದೇ ಕಾಲೇಜಿನಲ್ಲಿ ಓದಿದವರು. ಈಗ ಇಬ್ಬರು ಬೆಂಗಳೂರಿನಲ್ಲಿದ್ದಾರೆ, ಒಬ್ಬ ಪುಣೆಯಲ್ಲಿದ್ದಾನೆ, ನಾನು ಊರಿನಲ್ಲೇ ಉಳಿದಿದ್ದೇನೆ. 2018ರಲ್ಲಿ ಪಬ್‌ಜಿ ಮೊಬೈಲ್ (ಕೊನೆಯವರೆಗೆ ಉಳಿದ ತಂಡ ಗೆಲ್ಲುವ ಬಂದೂಕಿನ ಆಟ) ಬಂದಾಗ ಹಾಸ್ಟೆಲಿನಲ್ಲಿ ಶುರುವಾದ ಈ ಆಟ, 2020ರ ಸೆಪ್ಟೆಂಬರಿನ ನಿಷೇಧದಲ್ಲಿ ನಿಂತು, 2021ರ ಜುಲೈನಲ್ಲಿ ಬಿಜಿಎಂಐ ಎಂಬ ಹೆಸರಿನಲ್ಲಿ ಮರಳಿ, 2022ರ ಜುಲೈನಲ್ಲಿ ಮತ್ತೊಮ್ಮೆ ಮಾಯವಾಗಿ, 2023ರ ಮೇ ತಿಂಗಳಿನಿಂದ ಪುನಃ ನಮ್ಮನ್ನು ರಾತ್ರಿ ಹತ್ತರ ನಂತರ ಒಂದೆಡೆ ಸೇರಿಸುತ್ತಿದೆ. ಇಷ್ಟು ವರ್ಷ ಆಡಿದ ಮೇಲೂ ನಮ್ಮ ಕಥೆ ಬದಲಾಗಿಲ್ಲ. ಹತ್ತು ಪಂದ್ಯಗಳಲ್ಲಿ ಆರರಲ್ಲಾದರೂ ಕೊನೆಯ ಹತ್ತು ತಂಡಗಳೊಳಗೆ ಬರುತ್ತೇವೆ. ಚಿಕನ್ ಡಿನ್ನರ್, ಅಂದರೆ ಗೆಲುವು, ಮಾತ್ರ ತಿಂಗಳಿಗೊಂದು ಸಿಕ್ಕರೆ ಹೆಚ್ಚು.

ನಿನ್ನೆಯ ಪಂದ್ಯವನ್ನೇ ಉದಾಹರಣೆಯಾಗಿ ಕೊಡುತ್ತೇನೆ. ಎರಾಂಗೆಲ್ ನಕ್ಷೆಯ ರೊಝೋಕ್ ಊರಿನಲ್ಲಿ ಇಳಿದೆವು. ನಾಲ್ವರಿಗೂ ಎಂ416 ಅಥವಾ ಎಂ762 ಸಿಕ್ಕಿತು, ಇಬ್ಬರಿಗೆ ಮೂರನೇ ದರ್ಜೆಯ ವೆಸ್ಟ್, ಒಬ್ಬನಿಗೆ 6ಎಕ್ಸ್ ಸ್ಕೋಪ್. ಪಕ್ಕದಲ್ಲಿಯೇ ಇಳಿದಿದ್ದ ತಂಡವನ್ನು ಪೂರ್ತಿ ಮುಗಿಸಿ, ಶಾಲೆಯ ಕಡೆಗೆ ಬಂದು, ಅಲ್ಲಿನ ಅಪಾರ್ಟ್‌ಮೆಂಟುಗಳಲ್ಲಿದ್ದ ಇನ್ನೆರಡು ತಂಡಗಳನ್ನೂ ಮುಗಿಸಿದೆವು. ಒಟ್ಟು ಹನ್ನೊಂದು ಕಿಲ್ ಆಗಿದ್ದವು. ಮೂರನೇ ಝೋನ್ (ಕುಗ್ಗುತ್ತಾ ಹೋಗುವ ಸುರಕ್ಷಿತ ವೃತ್ತ) ಪೋಚಿಂಕಿ ಊರಿನ ದಕ್ಷಿಣಕ್ಕೆ ಸರಿಯಿತು. ನಾಲ್ವರೂ ಒಂದೇ ಯುಎಜೆಡ್ ಜೀಪು ಹತ್ತಿ ಹೊರಟೆವು. ಪೋಚಿಂಕಿಯನ್ನು ಬಳಸಿಕೊಂಡು ಬಯಲಿನಲ್ಲಿ ಸಾಗುತ್ತಿದ್ದಾಗ ದಿಬ್ಬದ ಮೇಲಿನಿಂದ ಗುಂಡಿನ ಮಳೆ ಸುರಿಯಿತು, ಎರಡು ಚಕ್ರಗಳು ಹೋದವು, ಇಳಿಯುವಷ್ಟರಲ್ಲಿ ಒಬ್ಬ ನಾಕ್ ಆದ (ಪೆಟ್ಟು ತಿಂದು ನೆಲಕ್ಕೆ ಬಿದ್ದ), ಅವನನ್ನು ರಿವೈವ್ ಮಾಡಲು (ಎಬ್ಬಿಸಲು) ಕುಳಿತವನೂ ನಾಕ್ ಆದ, ಉಳಿದಿಬ್ಬರು ಜೀಪಿನ ಹಿಂದೆ ಅಡಗಿರುವಾಗ ಬೆನ್ನ ಹಿಂದಿನಿಂದ, ವೃತ್ತದ ಹೊರಗುಳಿದವರ ಜೀವ ತಿನ್ನುವ ನೀಲಿ ಗೋಡೆ ಬಂತು. ಏಳನೇ ಸ್ಥಾನ. ನಮ್ಮನ್ನು ಹೊಡೆದವರು ಎಷ್ಟು ಜನ ಎಂಬುದೂ ನಮಗೆ ಗೊತ್ತಾಗಲಿಲ್ಲ.

ನಮ್ಮ ಗುರಿ ಕೆಟ್ಟದ್ದಲ್ಲ ಎಂದು ಹನ್ನೊಂದು ಕಿಲ್‌ಗಳೇ ಹೇಳುತ್ತವೆ. ಹಾಗಿದ್ದರೆ ಕೊರತೆ ಇರುವುದು ಎಲ್ಲಿ? ಸೆನ್ಸಿಟಿವಿಟಿಯಲ್ಲೋ (ಬೆರಳು ಸರಿಸಿದಾಗ ಗುರಿ ತಿರುಗುವ ವೇಗ), ಬಂದೂಕಿನ ಆಯ್ಕೆಯಲ್ಲೋ, ಬರೀ ಅದೃಷ್ಟದಲ್ಲೋ? ಅನುಭವಿಗಳು ದಯವಿಟ್ಟು ತಿಳಿಸಬೇಕು.


ಪೋಚಿಂಕಿ ಶಾನುಭೋಗ · ಸೋಮವಾರ, ಬೆಳಿಗ್ಗೆ 7:15

ತುಂಗಾತೀರ ಅವರೇ, ನಿಮ್ಮ ಬರಹದಲ್ಲಿ ಬಂದೂಕು, ವೆಸ್ಟ್, ಸ್ಕೋಪ್ ಎಲ್ಲದರ ಲೆಕ್ಕವಿದೆ. ಶಾಲೆಯಿಂದ ಎಷ್ಟು ಹೊತ್ತಿಗೆ ಹೊರಟಿರಿ ಎಂಬುದು ಮಾತ್ರ ಇಲ್ಲ. ನನ್ನ ಅನುಮಾನವೆಲ್ಲ ಆ ಬಿಟ್ಟುಹೋದ ಸಾಲಿನ ಮೇಲಿದೆ.

ನಾನು ಹೊಟ್ಟೆಪಾಡಿಗೆ ಲೆಕ್ಕ ಬರೆಯುವವನಾದ್ದರಿಂದ ಆಟಕ್ಕೂ ಒಂದು ಹಳೆಯ ನೋಟುಪುಸ್ತಕ ಇಟ್ಟಿದ್ದೇನೆ. ಪ್ರತಿ ಪಂದ್ಯ ಮುಗಿದ ಮೇಲೆ ಮೂರು ವಿಷಯಗಳನ್ನು ಮಾತ್ರ ಬರೆಯುತ್ತೇನೆ: ಎಷ್ಟನೇ ಝೋನಿನಲ್ಲಿ ಸತ್ತೆವು, ಹೊಡೆದವನು ನಿಂತಿದ್ದನೋ ಓಡುತ್ತಿದ್ದನೋ, ನಾವು ನಿಂತಿದ್ದೆವೋ ಓಡುತ್ತಿದ್ದೆವೋ. ಎರಡು ತಿಂಗಳು ಬರೆದ ಮೇಲೆ ಪುಟ ತಿರುಗಿಸಿ ನೋಡಿದರೆ, ಮೂರನೇ ಝೋನಿನ ನಂತರ ನಮ್ಮ ಸಾವುಗಳಲ್ಲಿ ಬಹುಪಾಲು ಒಂದೇ ಬಗೆಯವು: ನಾವು ಓಡುತ್ತಿದ್ದೆವು, ಅವರು ನಿಂತಿದ್ದರು. ಅದಕ್ಕಿಂತ ಮೊದಲು ನಾನೂ ನಿಮ್ಮಂತೆಯೇ ಸೆನ್ಸಿಟಿವಿಟಿ ಬದಲಿಸುತ್ತಾ ಕುಳಿತಿದ್ದೆ.

ಇದಕ್ಕೆ ಕಾರಣ ಆಟದ ಕ್ಯಾಮೆರಾದಲ್ಲಿದೆ. ನಾವೆಲ್ಲ ಆಡುವುದು ಟಿಪಿಪಿಯಲ್ಲಿ. ನಮ್ಮ ಕ್ಯಾಮೆರಾ ಆಟಗಾರನ ಕಣ್ಣಿನಲ್ಲಿರದೆ ಅವನ ಹಿಂದೆ, ಬಲ ಭುಜದ ಮೇಲ್ಭಾಗದಲ್ಲಿ ಇರುತ್ತದೆ. ಆದ್ದರಿಂದ ಗೋಡೆಯ ಹಿಂದೆ ನಿಂತವನ ದೇಹದ ಒಂದು ಎಳೆಯೂ ಹೊರಗೆ ಕಾಣದಿದ್ದರೂ, ಬಯಲಿನಲ್ಲಿ ನೀವು ಓಡಿ ಬರುವುದು ಅವನ ಪರದೆಯ ಮೇಲೆ ಮೊದಲಿನಿಂದ ಕೊನೆಯವರೆಗೆ ಕಾಣುತ್ತಿರುತ್ತದೆ. ನಿಮಗೆ ಅವನು ಕಾಣುವುದು ಗುಂಡು ಹಾರಿಸಲು ಅವನು ಹೊರಬಂದ ಮೇಲೆಯೇ. ಅಷ್ಟರಲ್ಲಿ ನಿಮ್ಮ ವೇಗ, ದಿಕ್ಕು, ಸಂಖ್ಯೆ ಮೂರನ್ನೂ ಅವನು ಅಳೆದಾಗಿರುತ್ತದೆ. ಕ್ಯಾಮೆರಾ ಬಲಕ್ಕಿರುವುದರಿಂದ ಮರದ ಬಲಭಾಗದಿಂದ ಬಾಗಿ ಹೊಡೆದರೆ ದೇಹ ಕಡಿಮೆ ಕಾಣುತ್ತದೆ, ಎಡಭಾಗದಿಂದ ಬಾಗಿದರೆ ಹೆಚ್ಚು ಕಾಣುತ್ತದೆ ಎಂಬುದನ್ನೂ ಸೇರಿಸಿಕೊಳ್ಳಿ. ಈ ಆಟದಲ್ಲಿ ಮೊದಲು ಬಂದು ನಿಂತವನಿಗೆ ಸಿಗುವ ಲಾಭ ಯಾವ ಮೂರನೇ ದರ್ಜೆಯ ವೆಸ್ಟಿನಿಂದಲೂ ತುಂಬಿಬರುವಂಥದ್ದಲ್ಲ.

ಇನ್ನು ವೃತ್ತದ ವಿಚಾರ. ಎರಾಂಗೆಲ್ ಎಂಟು ಕಿಲೋಮೀಟರ್ ಉದ್ದ, ಎಂಟು ಕಿಲೋಮೀಟರ್ ಅಗಲದ ನಕ್ಷೆ. ಹೊಸ ಬಿಳಿ ವೃತ್ತ ಯಾವಾಗಲೂ ಹಳೆಯ ವೃತ್ತದ ಒಳಗೇ ಬೀಳುತ್ತದೆ, ಆದರೆ ಒಳಗೆ ಎಲ್ಲಿ ಬೇಕಾದರೂ ಬೀಳಬಹುದು. ನೀವು ಅಂಚಿನಲ್ಲಿದ್ದರೆ ಮುಂದಿನ ವೃತ್ತ ಎದುರಿನ ಅಂಚಿಗೆ ಹೋದಾಗ ಬಹಳ ದೂರ ಸಾಗಬೇಕಾಗುತ್ತದೆ. ನಡುವಿನಲ್ಲಿದ್ದರೆ ಅದಕ್ಕಿಂತ ತುಂಬಾ ಕಡಿಮೆ. ಮೊದಲೆರಡು ವೃತ್ತಗಳಲ್ಲಿ ತಡವಾದರೂ ಬ್ಯಾಂಡೇಜು ಸುತ್ತಿಕೊಂಡು ನೀಲಿಯೊಳಗೇ ನಡೆದು ಬರಬಹುದು, ಅಲ್ಲಿ ಹಾನಿ ಕಡಿಮೆ. ನಾಲ್ಕನೆಯದರಿಂದ ಮುಂದೆ ಆ ಸಾಲ ಯಾರೂ ಕೊಡುವುದಿಲ್ಲ.

ಹೀಗಾಗಿ ನನ್ನ ಪ್ರಶ್ನೆ ಒಂದೇ: ಹನ್ನೊಂದನೇ ಕಿಲ್ ಆದ ನಂತರ ಜೀಪು ಹತ್ತುವವರೆಗೆ ಏನು ಮಾಡುತ್ತಿದ್ದಿರಿ?


ಕಾರ್‌ಪ್ರಿಯ · ಸೋಮವಾರ, ಬೆಳಿಗ್ಗೆ 10:40

ಶಾನುಭೋಗರ ಕ್ಯಾಮೆರಾ ವಿವರಣೆಯನ್ನು ಒಪ್ಪುತ್ತೇನೆ. ಅದರಿಂದ ಅವರು ತಲುಪಿದ ತೀರ್ಮಾನವನ್ನು ಒಪ್ಪುವುದಿಲ್ಲ. ನಡುವಿನ ಕಾಂಪೌಂಡಿನಲ್ಲಿ ಕುಳಿತವನಿಗೆ ನಾಲ್ಕೂ ದಿಕ್ಕಿನಿಂದ ಶತ್ರುಗಳು ಬರುತ್ತಾರೆ. ಅಂಚಿನಲ್ಲಿ ಸಾಗುವವನ ಬೆನ್ನಿಗೆ ನೀಲಿ ಗೋಡೆ ಇರುತ್ತದೆ, ಅದರೊಳಗಿಂದ ಬರುವವರು ಇದ್ದರೂ ಅರೆಜೀವವಾಗಿ ಬರುತ್ತಾರೆ. ಅವನು ನೋಡಿಕೊಳ್ಳಬೇಕಾದದ್ದು ಮುಂದಿನ ಅರ್ಧ ಭಾಗವನ್ನು ಮಾತ್ರ. ನಮ್ಮ ತಂಡ ವರ್ಷಗಳಿಂದ ಅಂಚಿನಲ್ಲೇ ಆಡುತ್ತಿದೆ. ವೃತ್ತ ಕುಗ್ಗಿದಂತೆ ಅಂಚಿನಲ್ಲಿರುವ ಒಂದೊಂದೇ ತಂಡವನ್ನು ಪಕ್ಕದಿಂದ ಹೊಡೆದು, ಅವರ ಜಾಗವನ್ನು ಹಿಡಿದು, ಅವರ ಗ್ರೆನೇಡುಗಳನ್ನೂ ಎತ್ತಿಕೊಂಡು ಮುಂದೆ ಸಾಗುತ್ತೇವೆ.

ಇನ್ನೊಂದು ವಿಚಾರ. ನೀವು ಮುಂದೆಂದಾದರೂ ಟೂರ್ನಮೆಂಟುಗಳಲ್ಲಿ ಆಡುವ ಆಸೆ ಇಟ್ಟುಕೊಂಡಿದ್ದರೆ ಅಡಗಿ ಕುಳಿತು ಗೆಲ್ಲುವ ಅಭ್ಯಾಸ ಮಾಡಿಕೊಳ್ಳಬೇಡಿ. ಈಗಿನ ಅಂಕಪದ್ಧತಿಯಲ್ಲಿ ಗೆದ್ದ ತಂಡಕ್ಕೆ 10, ಎರಡನೆಯದಕ್ಕೆ 6, ಮೂರನೆಯದಕ್ಕೆ 5, ನಂತರ 4, 3, 2, 1, 1. ಪ್ರತಿ ಕಿಲ್‌ಗೆ ಒಂದು ಅಂಕ. ಎಂಟು ಕಿಲ್ ಮಾಡಿ ಐದನೆಯದಾಗಿ ಮುಗಿಸಿದ ತಂಡ 11 ಅಂಕ ಪಡೆಯುತ್ತದೆ. ಒಂದೂ ಕಿಲ್ ಇಲ್ಲದೆ ಗೆದ್ದ ತಂಡಕ್ಕೆ ಸಿಗುವುದು 10. ನಿಮ್ಮ ಏಳನೇ ಸ್ಥಾನಕ್ಕೂ ಹನ್ನೊಂದು ಕಿಲ್ ಸೇರಿಸಿದರೆ 12 ಅಂಕ. ಅಲ್ಲಿ ನಿಮ್ಮನ್ನು ಯಾರೂ ಸೋತವರು ಎನ್ನುವುದಿಲ್ಲ.


ಮೈಸೂರು ಮಲ್ಲಿಗೆ · ಸೋಮವಾರ, ಮಧ್ಯಾಹ್ನ 1:20

ನಮ್ಮ ಸ್ಕ್ವಾಡಿನಲ್ಲಿ ಐಜಿಎಲ್ ನಾನು. ಎಲ್ಲಿಗೆ ಹೋಗಬೇಕು, ಯಾವಾಗ ಹೋಗಬೇಕು ಎಂಬುದನ್ನು ನಾನು ಹೇಳುತ್ತೇನೆ, ಬೈಗುಳವನ್ನೂ ನಾನೇ ತಿನ್ನುತ್ತೇನೆ. ನಡುವೋ ಅಂಚೋ ಎಂಬ ಪ್ರಶ್ನೆಗೆ ಪಂದ್ಯ ಶುರುವಾಗುವ ಮೊದಲೇ ಉತ್ತರ ಇಟ್ಟುಕೊಳ್ಳುವುದು ಸರಿಯಲ್ಲ ಎಂಬುದು ನನ್ನ ಅನುಭವ. ಮೂರನೇ ವೃತ್ತ ಕಂಡ ತಕ್ಷಣ ನಾನು ನೋಡುವುದು ಎರಡು ಸಂಗತಿಗಳನ್ನು. ಪರದೆಯ ಮೇಲೆ ಎಷ್ಟು ಜನ ಉಳಿದಿದ್ದಾರೆ, ಬಿಳಿ ವೃತ್ತದೊಳಗೆ ಎಷ್ಟು ಮನೆಗಳಿವೆ. ಐವತ್ತು ಜನ ಉಳಿದು ಮೂರೇ ಕಾಂಪೌಂಡುಗಳಿದ್ದರೆ ಅವು ಈಗಾಗಲೇ ತುಂಬಿವೆ ಎಂದೇ ತಿಳಿಯಬೇಕು. ಆಗ ನಡುವಿಗೆ ನುಗ್ಗುವುದು ಆತ್ಮಹತ್ಯೆ, ಕಾರ್‌ಪ್ರಿಯ ಅವರು ಹೇಳಿದಂತೆ ಅಂಚಿನ ಬಂಡೆಯೋ ಹಳ್ಳವೋ ಸಾಕು. ಇಪ್ಪತ್ತೈದು ಜನ ಮಾತ್ರ ಉಳಿದಿದ್ದರೆ ಒಳಗಿನ ಮನೆಗಳಲ್ಲಿ ಒಂದಾದರೂ ಖಾಲಿ ಇರುತ್ತದೆ, ಅದನ್ನು ಹಿಡಿಯಲು ಹಿಂದೆಮುಂದೆ ನೋಡಬಾರದು.

ತುಂಗಾತೀರ ಅವರ ಪಂದ್ಯದಲ್ಲಿ ನನಗೆ ಕಂಡ ದೊಡ್ಡ ತಪ್ಪು ಬೇರೆಯೇ ಇದೆ: ನಾಲ್ವರೂ ಒಂದೇ ಜೀಪಿನಲ್ಲಿ ಕುಳಿತದ್ದು. ಎರಡು ಗಾಡಿಗಳಲ್ಲಿ ಇಬ್ಬಿಬ್ಬರಂತೆ, ನಡುವೆ ಸಾಕಷ್ಟು ಅಂತರ ಬಿಟ್ಟು ಹೋಗಬೇಕು. ಮೊದಲ ಗಾಡಿಗೆ ಗುಂಡು ಬಿದ್ದರೆ ಅದು ಎಲ್ಲಿಂದ ಬಂತೆಂದು ಎರಡನೆಯ ಗಾಡಿಯವರಿಗೆ ಕಾಣುತ್ತದೆ. ಅವರು ಇಳಿದು ಹೊಡೆಯಲು ಶುರುಮಾಡಿದರೆ ದಿಬ್ಬದವರು ತಲೆ ತಗ್ಗಿಸಲೇಬೇಕು. ನಾಲ್ವರೂ ಒಂದೇ ಕಡೆ ಇದ್ದಾಗ ಗಾಡಿ ಸಿಡಿದರೆ ಪಂದ್ಯ ಅಲ್ಲಿಗೇ ಮುಗಿಯಿತು. ಗಾಡಿಯನ್ನು ಐದನೇ ವೃತ್ತದವರೆಗೂ ಬಿಡಬೇಡಿ, ಯಾಕೆಂದರೆ ಬಯಲಿನಲ್ಲಿ ಅದೇ ನಿಮ್ಮ ಗೋಡೆ. ನಿಲ್ಲಿಸಿದ ಮೇಲೆ ಚಕ್ರಗಳನ್ನು ನೀವೇ ಒಡೆದುಬಿಡಿ. ಗಾಡಿ ಕೆಳಗಿಳಿಯುತ್ತದೆ, ಅಡಿಯಿಂದ ನಿಮ್ಮ ಕಾಲು ಕಾಣುವುದಿಲ್ಲ. ಹೊಗೆ ಹೆಚ್ಚಾಗಿ ಬೆಂಕಿ ಕಾಣಿಸಿಕೊಂಡರೆ ಮಾತ್ರ ಅದನ್ನು ಬಿಟ್ಟು ಓಡಬೇಕು.

ರಿವೈವ್ ಬಗ್ಗೆಯೂ ಒಂದು ಮಾತು. ಬಿದ್ದವನನ್ನು ಎಬ್ಬಿಸಲು ಹತ್ತು ಸೆಕೆಂಡು ಬೇಕು. ಸ್ಮೋಕ್ ಎಸೆದ ಕೂಡಲೇ ಕುಳಿತುಬಿಡುವುದು ಎಲ್ಲರೂ ಮಾಡುವ ತಪ್ಪು. ಹೊಗೆ ಹರಡಲು ಕೆಲವು ಸೆಕೆಂಡುಗಳಾಗುತ್ತವೆ, ಆ ಕೆಲವು ಸೆಕೆಂಡುಗಳಲ್ಲಿಯೇ ಎರಡನೆಯವನು ಬೀಳುತ್ತಾನೆ. ಇನ್ನೂ ಒಂದು ತಪ್ಪೆಂದರೆ ಬಿದ್ದವನ ಮೈಮೇಲೆಯೇ ಒಂದೇ ಒಂದು ಸ್ಮೋಕ್ ಎಸೆಯುವುದು. ಅದರೊಳಗೆ ಯಾರೋ ರಿವೈವ್ ಮಾಡುತ್ತಿದ್ದಾರೆಂದು ಎದುರಿನವನಿಗೆ ಬಾಯಿಬಿಟ್ಟು ಹೇಳಿದಂತೆ, ಅವನು ಕಣ್ಣು ಮುಚ್ಚಿಕೊಂಡು ಅದರೊಳಗೇ ಮ್ಯಾಗಜೀನ್ ಖಾಲಿ ಮಾಡುತ್ತಾನೆ. ನಿಮಗೂ ಶತ್ರುವಿಗೂ ನಡುವೆ ಎರಡು ಮೂರು ಸ್ಮೋಕ್‌ಗಳನ್ನು ಸಾಲಾಗಿ ಎಸೆದು ಬೇಲಿ ಕಟ್ಟಿ. ಆ ಬೇಲಿಯ ಹಿಂದೆ ನೀವು ಎಲ್ಲಿದ್ದೀರಿ ಎಂಬುದು ಅವನಿಗೆ ಗೊತ್ತಾಗಬಾರದು.


ತುಂಗಾತೀರ · ಸೋಮವಾರ, ರಾತ್ರಿ 9:30

ಶಾನುಭೋಗರ ಪ್ರಶ್ನೆಗೆ ಉತ್ತರ ಕೊಡಲು ಸ್ವಲ್ಪ ನಾಚಿಕೆಯಾಗುತ್ತದೆ. ಹನ್ನೊಂದನೇ ಕಿಲ್ ಆದ ನಂತರ ಶಾಲೆಯ ಪೂರ್ವಕ್ಕೆ ಏರ್‌ಡ್ರಾಪ್ (ವಿಮಾನದಿಂದ ಬೀಳುವ ಶಸ್ತ್ರಗಳ ಪೆಟ್ಟಿಗೆ) ಬೀಳುವುದು ಕಂಡಿತು. ಅದನ್ನು ತರಲು ಇಬ್ಬರು ಹೋದರು, ಇಬ್ಬರು ಅಪಾರ್ಟ್‌ಮೆಂಟಿನ ಮೇಲೆ ಕಾವಲು ಕುಳಿತೆವು. ಎಡಬ್ಲ್ಯುಎಂ ಎಂಬ ಸ್ನೈಪರ್ ಬಂದೂಕು ಸಿಕ್ಕಿತು. ಅದನ್ನು ಯಾರು ಇಟ್ಟುಕೊಳ್ಳಬೇಕೆಂದು ಚರ್ಚೆಯಾಗಿ, ಸ್ಕೋಪುಗಳ ಅದಲುಬದಲಾಗಿ, ಹೊರಡುವಾಗ ನೀಲಿ ಗೋಡೆ ಆಗಲೇ ಕಿಟಕಿಯಿಂದ ಕಾಣುತ್ತಿತ್ತು. ಆ ಎಡಬ್ಲ್ಯುಎಂನಿಂದ ನಾವು ಒಂದು ಗುಂಡನ್ನೂ ಹಾರಿಸಲಿಲ್ಲ.

ಟೂರ್ನಮೆಂಟಿನ ಯೋಚನೆ ನಮಗಿಲ್ಲ. ದಿನಕ್ಕೆ ಎರಡು ಮೂರು ಕ್ಲಾಸಿಕ್ ಪಂದ್ಯಗಳನ್ನು ಆಡುವವರು ನಾವು, ಗೆದ್ದರೆ ನೆಮ್ಮದಿಯಿಂದ ನಿದ್ದೆ ಬರುತ್ತದೆ, ಅಷ್ಟೇ. ಪುಣೆಯ ಗೆಳೆಯನದು ಹಳೆಯ ಫೋನು, ಅವನ ಪಿಂಗ್ (ಸರ್ವರಿಗೆ ಹೋಗಿಬರಲು ತಗಲುವ ಮಿಲಿಸೆಕೆಂಡುಗಳು) ಮೂರಂಕಿ ದಾಟುತ್ತಿರುತ್ತದೆ. ಅವನಿಗೇನಾದರೂ ಉಪಾಯವಿದ್ದರೆ ತಿಳಿಸಿ. ಯಾರು ಏನನ್ನು ಹೊರಬೇಕೆಂಬ ಬಗ್ಗೆಯೂ ಹೇಳಿದರೆ ಉಪಕಾರವಾಗುತ್ತದೆ.


ಬಯಲುಸೀಮೆ · ಸೋಮವಾರ, ರಾತ್ರಿ 10:05

ಹಳೆಯ ಫೋನಿನ ಕಷ್ಟಸುಖ ನನಗೆ ಚೆನ್ನಾಗಿ ಗೊತ್ತು. ಬೇಸಿಗೆಯಲ್ಲಿ ನಮ್ಮ ಕಡೆ ಫೋನು ಚಾರ್ಜಿಗೆ ಹಾಕಿಕೊಂಡು ಆಡಿದರೆ ಎರಡನೇ ಪಂದ್ಯಕ್ಕೇ ಕೆಂಡವಾಗಿ ಫ್ರೇಮು ಬೀಳತೊಡಗುತ್ತದೆ. ಗ್ರಾಫಿಕ್ಸನ್ನು ಸ್ಮೂತ್‌ಗೆ ಇಳಿಸಿ, ಫ್ರೇಮ್ ರೇಟನ್ನು ಫೋನು ತಾಳುವಷ್ಟು ಏರಿಸಿ, ನೆರಳುಗಳನ್ನು ತೆಗೆದುಬಿಡಲಿ. ಚಂದ ಕಡಿಮೆಯಾಗುತ್ತದೆ, ಆದರೆ ಓಡುವ ಮನುಷ್ಯ ಸ್ಪಷ್ಟವಾಗಿ ಕಾಣುತ್ತಾನೆ.

ಪಿಂಗ್ ಬಗ್ಗೆ ಮುಖ್ಯವಾದ ವಿಚಾರವೊಂದಿದೆ, ಅದು ಶಾನುಭೋಗರ ಮಾತಿಗೆ ಒಂದು ತಿದ್ದುಪಡಿಯೂ ಹೌದು. ಗೋಡೆಯ ಮರೆಯಿಂದ ಹೊರಬಂದವನ ಚಲನೆ ಅವನ ಫೋನಿನಿಂದ ಸರ್ವರಿಗೆ ಹೋಗಿ ಅಲ್ಲಿಂದ ಎದುರಿನವನ ಫೋನಿಗೆ ಬರಬೇಕು. ಅಷ್ಟು ಹೊತ್ತು ಹೊರಬಂದವನಿಗೆ ಎದುರಿನವನು ಕಾಣುತ್ತಿರುತ್ತಾನೆ, ಎದುರಿನವನಿಗೆ ಇವನು ಕಾಣುವುದಿಲ್ಲ. ಆದ್ದರಿಂದ ಸ್ಕೋಪ್ ತೆರೆದು ಒಂದೇ ಮೂಲೆಯನ್ನು ದಿಟ್ಟಿಸುತ್ತಾ ಕಾಯುವವನೇ ಸಾಮಾನ್ಯವಾಗಿ ಸೋಲುತ್ತಾನೆ, ಪಿಂಗ್ ಹೆಚ್ಚಿದ್ದರೆ ಖಂಡಿತವಾಗಿಯೂ ಸೋಲುತ್ತಾನೆ. ಮರೆಯಲ್ಲಿದ್ದುಕೊಂಡು ಕ್ಯಾಮೆರಾದಿಂದ ನೋಡಿ, ಆದರೆ ಹೊಡೆಯುವ ಕ್ಷಣದಲ್ಲಿ ನೀವೇ ಮೊದಲು ಹೊರಬನ್ನಿ, ಐದಾರು ಗುಂಡು ಹಾರಿಸಿ, ಮರಳಿ ಒಳಗೆ ಹೋಗಿ, ಮುಂದಿನ ಸಲ ಇನ್ನೊಂದು ಕಡೆಯಿಂದ ಬನ್ನಿ. ನಿಮ್ಮ ಪುಣೆಯ ಗೆಳೆಯ ಬಾಗಿಲ ಬಳಿ ಎದುರುಬದುರಾಗುವ ಜಗಳಗಳನ್ನು ಉಳಿದವರಿಗೆ ಬಿಟ್ಟು, ದೂರದಿಂದ ಮಿನಿ14 ಅಥವಾ ಎಸ್‌ಕೆಎಸ್ ಹಿಡಿದು ಕಾವಲಿರುವುದು ಒಳ್ಳೆಯದು.

ಹೆಡ್‌ಫೋನು ಇಲ್ಲದೆ ಆಡುವವರಿಗೆ ಯಾವ ಉಪಾಯವನ್ನೂ ನಾನು ಹೇಳಲಾರೆ. ಮೇಲಿನ ಮಹಡಿಯ ಹೆಜ್ಜೆ ಯಾವುದು, ಕೆಳಗಿನದು ಯಾವುದು ಎಂಬುದನ್ನು ಮಿನಿಮ್ಯಾಪಿನ ಗುರುತಿಗಿಂತ ಕಿವಿಯೇ ಬೇಗ ಹೇಳುತ್ತದೆ.


ಪೋಚಿಂಕಿ ಶಾನುಭೋಗ · ಸೋಮವಾರ, ರಾತ್ರಿ 10:50

ಬಯಲುಸೀಮೆಯವರ ತಿದ್ದುಪಡಿಯನ್ನು ಲೆಕ್ಕಕ್ಕೆ ಸೇರಿಸಿಕೊಂಡಿದ್ದೇನೆ. ಎಡಬ್ಲ್ಯುಎಂ ಬಗ್ಗೆ ಹೆಚ್ಚು ಹೇಳುವುದಿಲ್ಲ. ಅದು ಮೂರನೇ ದರ್ಜೆಯ ಹೆಲ್ಮೆಟ್ಟನ್ನೂ ಒಂದೇ ಗುಂಡಿಗೆ ಭೇದಿಸುತ್ತದೆ ಎಂಬುದು ನಿಜ, ಆದರೆ ಕಾರ್98 ಎರಡನೇ ದರ್ಜೆಯದನ್ನು ಒಂದೇ ಗುಂಡಿಗೆ ಉರುಳಿಸುತ್ತದೆ, ಅದು ರೊಝೋಕ್‌ನ ಯಾವುದಾದರೂ ಮನೆಯ ನೆಲದ ಮೇಲೆಯೇ ಬಿದ್ದಿರುತ್ತದೆ. ನೀವು ಏರ್‌ಡ್ರಾಪಿಗಾಗಿ ಕಳೆದುಕೊಂಡದ್ದು ಜೀಪಿನ ಹೊತ್ತನ್ನಲ್ಲ, ದಿಬ್ಬವನ್ನು. ನಿಮ್ಮನ್ನು ಹೊಡೆದವರ ಬಳಿ ಇನ್ನೇನಿತ್ತೋ ಗೊತ್ತಿಲ್ಲ, ದಿಬ್ಬವಂತೂ ಇತ್ತು.

ಹೊರುವ ವಿಚಾರಕ್ಕೆ ಬರುತ್ತೇನೆ. ಬಂದೂಕಿನ ಬಗ್ಗೆ ತಲೆ ಕೆಡಿಸಿಕೊಳ್ಳಬೇಡಿ. 7.62 ಗುಂಡಿನವು ಜೋರಾಗಿ ಹೊಡೆಯುತ್ತವೆ, ಜೋರಾಗಿ ಒದೆಯುತ್ತವೆ, 5.56ರವು ಕೈಯಲ್ಲಿ ನಿಲ್ಲುತ್ತವೆ. ಹತ್ತಿರದ ಜಗಳಕ್ಕೆ ಮೊದಲು ನುಗ್ಗುವವನು ಎಂ762 ಹಿಡಿಯಲಿ, ಉಳಿದವರಿಗೆ ಎಂ416 ಸಾಕು. ಜೈರೋ ಅಭ್ಯಾಸವಿದ್ದರೆ 6ಎಕ್ಸನ್ನು 3ಎಕ್ಸಿಗೆ ಇಳಿಸಿ ಸ್ಪ್ರೇ ಮಾಡಬಹುದು. ಇಲ್ಲದಿದ್ದರೆ ಮೂರು ವಾರ ಟ್ರೇನಿಂಗ್ ಮೈದಾನದಲ್ಲಿ ಕಷ್ಟಪಟ್ಟು ಕಲಿಯಿರಿ, ಫೋನನ್ನು ಓರೆ ಮಾಡಿ ಒದೆತ ತಡೆಯುವುದು ಹೆಬ್ಬೆರಳಿಗಿಂತ ಎಷ್ಟೋ ಸುಲಭ.

ಬ್ಯಾಗಿನಲ್ಲಿ ಜಾಗ ತಿನ್ನುವ 8ಎಕ್ಸ್, ಹೆಚ್ಚುವರಿ ನೂರು ಗುಂಡುಗಳನ್ನು ಬಿಟ್ಟು ಆ ಜಾಗದಲ್ಲಿ ಎಸೆಯುವ ವಸ್ತುಗಳನ್ನು ತುಂಬಿಕೊಳ್ಳಿ. ತಲಾ ಮೂರು ಸ್ಮೋಕ್, ಎರಡು ಗ್ರೆನೇಡ್ ಇಲ್ಲದೆ ನಮ್ಮ ಸ್ಕ್ವಾಡು ನಾಲ್ಕನೇ ವೃತ್ತಕ್ಕೆ ಕಾಲಿಡುವುದಿಲ್ಲ. ಔಷಧಿಯಲ್ಲಿ ಫಸ್ಟ್ ಏಡ್ ಆರು ಸೆಕೆಂಡಿನಲ್ಲಿ 75ರವರೆಗೆ ಮಾತ್ರ ತರುತ್ತದೆ. ಬ್ಯಾಂಡೇಜು ಎಷ್ಟು ಸುತ್ತಿದರೂ ಅದೇ ಮಿತಿ. ಅದರ ಮೇಲಿನ ಕಾಲು ಭಾಗ ತುಂಬುವುದು ಎನರ್ಜಿ ಡ್ರಿಂಕ್ ಮತ್ತು ಪೇನ್‌ಕಿಲ್ಲರುಗಳಿಂದ. ಡ್ರಿಂಕಿನಿಂದ ಬೂಸ್ಟ್ ಪಟ್ಟಿ 40ರಷ್ಟು, ಪೇನ್‌ಕಿಲ್ಲರಿನಿಂದ 60ರಷ್ಟು ಏರುತ್ತದೆ. ಪಟ್ಟಿ ಅರುವತ್ತು ದಾಟಿದರೆ ಓಟದ ವೇಗವೂ ತುಸು ಹೆಚ್ಚುತ್ತದೆ. ಇವನ್ನು ಪೆಟ್ಟು ತಿಂದ ಮೇಲೆ ಕುಡಿಯುವವರೇ ಹೆಚ್ಚು. ಬಯಲು ದಾಟುವ ಮೊದಲೇ ಕುಡಿದು ಹೊರಟರೆ ದಾರಿಯುದ್ದಕ್ಕೂ ಜೀವ ತಾನಾಗಿ ತುಂಬುತ್ತಾ ಬರುತ್ತದೆ.

ಒಂದು ಎಚ್ಚರಿಕೆ: ಇದೆಲ್ಲವೂ ಎರಾಂಗೆಲ್ ಮತ್ತು ಮಿರಾಮಾರ್‌ನಂಥ ದೊಡ್ಡ ನಕ್ಷೆಗಳ ಮಾತು. ಎರಡು ಕಿಲೋಮೀಟರಿನ ಲಿವಿಕ್‌ನಲ್ಲಿ ಆಡುವವರು ಕಾರ್‌ಪ್ರಿಯರ ಮಾತನ್ನೇ ಕೇಳಲಿ, ಅಲ್ಲಿ ಕಾಯಲು ಹೊತ್ತೂ ಇಲ್ಲ, ಜಾಗವೂ ಇಲ್ಲ.


ಕಾರ್‌ಪ್ರಿಯ · ಮಂಗಳವಾರ, ಬೆಳಿಗ್ಗೆ 8:10

ಲಿವಿಕ್‌ನಲ್ಲಾದರೂ ನನಗೆ ಸ್ಥಾನ ಕೊಟ್ಟದ್ದಕ್ಕೆ ಧನ್ಯವಾದಗಳು. ನಾನು ಒಂದೇ ಒಂದು ವಿಷಯ ಸೇರಿಸುತ್ತೇನೆ. ಇಬ್ಬರು ಜಗಳವಾಡುವಾಗ ಮೂರನೆಯವನು ಯಾವಾಗ ಒಳಗೆ ಬರಬೇಕು ಎಂಬುದನ್ನು ಹೆಚ್ಚಿನವರು ಕಲಿತಿರುವುದಿಲ್ಲ. ಗುಂಡಿನ ಸದ್ದು ಕೇಳಿದ ಕೂಡಲೇ ಓಡಿಹೋದರೆ ಇಬ್ಬರೂ ಪೂರ್ತಿ ಜೀವದಲ್ಲಿರುತ್ತಾರೆ, ಇಬ್ಬರ ಗುಂಡೂ ನಿಮಗೇ. ಕಿಲ್ ಪಟ್ಟಿಯಲ್ಲಿ ಒಂದೇ ತಂಡದವರು ಸಾಲಾಗಿ ಎರಡು ಮೂರು ನಾಕ್ ಮಾಡುವುದನ್ನು ಗಮನಿಸಿ, ನಂತರ ಸದ್ದು ನಿಲ್ಲುವುದನ್ನು ಕೇಳಿಸಿಕೊಳ್ಳಿ. ಗೆದ್ದವರು ಔಷಧಿ ಹಚ್ಚಿಕೊಳ್ಳುವುದು, ಪೆಟ್ಟಿಗೆ ತೆರೆಯುವುದು ಆ ಮೌನದಲ್ಲಿ. ಶಾಲೆಯಲ್ಲಿ ನೀವು ಎಡಬ್ಲ್ಯುಎಂ ಹಂಚಿಕೊಳ್ಳುತ್ತಿದ್ದಾಗ ನಮ್ಮ ತಂಡ ಹತ್ತಿರದಲ್ಲಿದ್ದಿದ್ದರೆ ನಿಮಗೆ ಏಳನೇ ಸ್ಥಾನವೂ ಸಿಗುತ್ತಿರಲಿಲ್ಲ.


ಮೈಸೂರು ಮಲ್ಲಿಗೆ · ಮಂಗಳವಾರ, ಬೆಳಿಗ್ಗೆ 9:25

ಮಾತಿನ ವಿಚಾರವನ್ನು ಯಾರೂ ಹೇಳಲಿಲ್ಲವಾದ್ದರಿಂದ ಬರೆಯುತ್ತಿದ್ದೇನೆ. "ಅಲ್ಲೊಬ್ಬ, ಆ ಮರದ ಹತ್ತಿರ" ಎಂದು ಕೂಗಿದರೆ ಎರಾಂಗೆಲ್‌ನಲ್ಲಿ ಮರಗಳಿಗೇನು ಬರವೇ? ಪರದೆಯ ಮೇಲ್ತುದಿಯಲ್ಲಿ ದಿಕ್ಕಿನ ಅಂಕಿಗಳಿರುತ್ತವೆ. "165, ದಿಬ್ಬ, ಇಬ್ಬರು, ಬಲಗಡೆಯವನ ಜೀವ ಅರ್ಧ" ಎಂಬಷ್ಟರಲ್ಲಿ ಹೇಳಬೇಕಾದದ್ದೆಲ್ಲ ಮುಗಿಯುತ್ತದೆ. ನಾಕ್ ಆದವರು "ಎಬ್ಬಿಸಿ, ಎಬ್ಬಿಸಿ" ಎನ್ನುವುದನ್ನು ನಮ್ಮಲ್ಲಿ ನಿಷೇಧಿಸಿದ್ದೇವೆ; ಬಿದ್ದವನು ಹೊಡೆದವನ ದಿಕ್ಕನ್ನು ಮಾತ್ರ ಹೇಳಿ ಸುಮ್ಮನಾಗಬೇಕು. ಹೆಜ್ಜೆಯ ಸದ್ದು ಕೇಳುವ ಹೊತ್ತಿನಲ್ಲಿ ನಾಲ್ವರಲ್ಲಿ ಇಬ್ಬರು ಮಾತನಾಡುತ್ತಿದ್ದರೆ ಹೆಡ್‌ಫೋನು ಇದ್ದೂ ಉಪಯೋಗವಿಲ್ಲ.


ತುಂಗಾತೀರ · ಮುಂದಿನ ಸೋಮವಾರ, ರಾತ್ರಿ 12:15

ವಾರದ ವರದಿ ಒಪ್ಪಿಸುತ್ತಿದ್ದೇನೆ. ನೋಟುಪುಸ್ತಕ ತೆರೆದಿದ್ದೇವೆ. ಎರಡನೇ ವೃತ್ತ ಕುಗ್ಗಲು ಶುರುವಾಗುವ ಮೊದಲೇ ಹೊರಡಬೇಕು, ಎರಡು ಗಾಡಿ ಇಲ್ಲದೆ ಹೊರಡಬಾರದು ಎಂಬ ಎರಡೇ ನಿಯಮಗಳನ್ನು ಇಟ್ಟುಕೊಂಡು ಆಡಿದೆವು. ಕಿಲ್‌ಗಳು ಕಡಿಮೆಯಾದವು, ಆದರೆ ಬುಧವಾರ ಒಂದು ಗೆಲುವು, ಶನಿವಾರ ಇನ್ನೊಂದು ಬಂತು.

ಇವತ್ತಿನದು ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ ಎಂಬಂಥ ಪಂದ್ಯ. ಗಟ್ಕಾದ ಹತ್ತಿರದ ಎರಡು ಮಹಡಿಯ ಮನೆಯೊಂದನ್ನು ಮೂರನೇ ವೃತ್ತದಲ್ಲಿಯೇ ಹಿಡಿದು ಕುಳಿತಿದ್ದೆವು. ಆರನೇ ವೃತ್ತ ಮನೆಯನ್ನು ಬಿಟ್ಟು ಹೊಲದ ಕಡೆಗೆ ಸರಿಯಿತು. ಸ್ಮೋಕ್ ಬೇಲಿ ಕಟ್ಟಿಕೊಂಡು ಮೂವರು ಹೊಲಕ್ಕೆ ಇಳಿದೆವು, ಎರಡು ತಂಡಗಳಷ್ಟೇ ಉಳಿದಿದ್ದವು. ಎತ್ತರದ ಹುಲ್ಲಿನಲ್ಲಿ ನಾನು ಮಲಗಿದೆ. ನನ್ನ ಪರದೆಯಲ್ಲಿ ಹುಲ್ಲಿನ ಹೊರತು ಏನೂ ಕಾಣುತ್ತಿರಲಿಲ್ಲ, ಅಲ್ಲಾಡಲೂ ಇಲ್ಲ, ಗುಂಡೂ ಹಾರಿಸಲಿಲ್ಲ. ಆದರೂ ಇಳಿಜಾರಿನ ಮೇಲಿದ್ದವನು ಮೊದಲ ಗುಂಡನ್ನೇ ತಲೆಗೆ ಹೊಡೆದ. ಅವನಿಗೆ ನಾನು ಹೇಗೆ ಕಂಡೆ? ಇದು ಮೋಸದ ಆಟವೇ? ರಿಪೋರ್ಟ್ ಮಾಡಬೇಕೇ?


ಮೈಸೂರು ಮಲ್ಲಿಗೆ · ಮಂಗಳವಾರ, ಬೆಳಿಗ್ಗೆ 7:40

ರಿಪೋರ್ಟ್ ಮಾಡಬೇಡಿ, ಅವನದು ತಪ್ಪಿಲ್ಲ. ಹುಲ್ಲನ್ನು ಆಟವು ನೋಡುವವನ ಹತ್ತಿರದಲ್ಲಿ ಮಾತ್ರ ಬಿಡಿಸುತ್ತದೆ. ಸ್ವಲ್ಪ ದೂರ ದಾಟಿದರೆ ಯಾರ ಫೋನಿನಲ್ಲೂ ಹುಲ್ಲು ಇರುವುದಿಲ್ಲ, ಬರಿಯ ಹಸಿರು ನೆಲವಿರುತ್ತದೆ. ನಿಮ್ಮ ಪರದೆಯಲ್ಲಿ ನೀವು ಹುಲ್ಲಿನೊಳಗೆ ಹುದುಗಿದ್ದಿರಿ. ಇಳಿಜಾರಿನಲ್ಲಿದ್ದವನ ಪರದೆಯಲ್ಲಿ ಚಾಪೆಯ ಮೇಲೆ ಮಲಗಿದವನಂತೆ ಕಾಣುತ್ತಿದ್ದಿರಿ. ಹುಲ್ಲಿನ ಮರೆ ಕೆಲಸಕ್ಕೆ ಬರುವುದು ಎದುರಾಳಿ ತೀರಾ ಹತ್ತಿರವಿದ್ದಾಗ ಮಾತ್ರ. ದೂರದವನಿಂದ ತಪ್ಪಿಸಿಕೊಳ್ಳಲು ನೆಲದ ಏರಿಳಿತವೇ ಬೇಕು: ಒಂದು ಗುಳಿ, ಒಂದು ಕಲ್ಲು, ಮೊಣಕಾಲೆತ್ತರದ ದಿಣ್ಣೆಯಾದರೂ ಸರಿ.


ಪೋಚಿಂಕಿ ಶಾನುಭೋಗ · ಮಂಗಳವಾರ, ಬೆಳಿಗ್ಗೆ 8:30

ಮಲಗಿದವನು ತಿರುಗುವುದೂ ನಿಧಾನ, ಏಳುವುದೂ ನಿಧಾನ. ಕೊನೆಯ ಎರಡು ವೃತ್ತಗಳಲ್ಲಿ ಕುಳಿತೇ ಇರಿ. ಇಬ್ಬರು ಅಕ್ಕಪಕ್ಕದಲ್ಲಿ ಮಲಗಿದ್ದರೆ ಒಂದೇ ಗ್ರೆನೇಡಿಗೆ ಇಬ್ಬರೂ ಹೋಗುತ್ತಾರೆ ಎಂಬುದು ಇನ್ನೊಂದು ಕಾರಣ. ನಿಮ್ಮ ಗ್ರೆನೇಡುಗಳನ್ನು ಈ ಹೊತ್ತಿಗೆಂದೇ ಉಳಿಸಿಕೊಂಡಿರಬೇಕು. ಪಿನ್ ತೆಗೆದ ಮೇಲೆ ಪರದೆಯಲ್ಲಿ ಕಾಣುವ ಎಣಿಕೆ ಇಳಿಯುವವರೆಗೆ ಕೈಯಲ್ಲೇ ಹಿಡಿದು ಕೊನೆಗಳಿಗೆಯಲ್ಲಿ ಎಸೆದರೆ ಎದುರಿನವನಿಗೆ ಎದ್ದು ಓಡಲು ಸಮಯವಿರುವುದಿಲ್ಲ. ನಿಮ್ಮ ಪುಸ್ತಕದಲ್ಲಿ ಈ ಸಾವನ್ನು "ನಾವು ನಿಂತಿದ್ದೆವು, ಅವರೂ ನಿಂತಿದ್ದರು" ಎಂದು ಬರೆದುಕೊಳ್ಳಿ.


ಕಾರ್‌ಪ್ರಿಯ · ಮಂಗಳವಾರ, ಬೆಳಿಗ್ಗೆ 9:05

ಎಲ್ಲಾ ಸರಿ, ಈ ವಾರ ಏರ್‌ಡ್ರಾಪುಗಳ ಗತಿ ಏನಾಯಿತು?


ತುಂಗಾತೀರ · ಮಂಗಳವಾರ, ಬೆಳಿಗ್ಗೆ 9:20

ಗಟ್ಕಾದ ಮನೆಯ ಬಾಲ್ಕನಿಯ ಎದುರಿಗೇ ಒಂದು ಬಿತ್ತು, ಕಾರ್‌ಪ್ರಿಯ ಅವರೇ. ನಾವು ನಾಲ್ವರೂ ಕಿಟಕಿಯ ಮರೆಯಲ್ಲಿ ಕುಳಿತು ಅದನ್ನೇ ನೋಡುತ್ತಿದ್ದೆವು. ಸ್ವಲ್ಪ ಹೊತ್ತಿಗೆ ಒಂದು ಡೇಸಿಯಾ ಕಾರು ಬಂದು ಪಕ್ಕದಲ್ಲಿ ನಿಂತಿತು, ಇಬ್ಬರು ಇಳಿದರು. ಈ ವಾರದ ನಮ್ಮ ಅತ್ಯಂತ ಸುಲಭದ ಎರಡು ಕಿಲ್‌ಗಳು ಅವೇ. ಪೆಟ್ಟಿಗೆಯಲ್ಲಿ ಏನಿತ್ತೆಂದು ನೋಡಲು ಯಾರೂ ಕೆಳಗಿಳಿಯಲಿಲ್ಲ.